ಹಸಿಮೆಣಸಿನಕಾಯಿಗೆ ಯಾವ ಬಣ್ಣ?

ಪೊವಾಯ್, ಐರೋಳಿ ಕಡೆ ಐಟಿ ಕೆಲಸಕ್ಕೆ ಬಂದ ಕನ್ನಡದವರು ತರಕಾರಿ ಅಂಗಡೀಲಿ ಬೇಗ ಕಲಿಯೋ ಮರಾಠಿ ಪದಗಳಲ್ಲಿ ‘ಹಿರವೀ ಮಿರ್ಚಿ’ ಒಂದು. ಹಿರವಾ ಅಂದ್ರೆ ಹಸಿರು ಬಣ್ಣ. ನಾವು ಅದನ್ನೇ ಹಸಿಮೆಣಸಿನಕಾಯಿ ಅಂತೀವಿ. ಗಮನಿಸಿ, ನಾವು ಬಣ್ಣ ಹೇಳ್ತಾ ಇಲ್ಲ; ಅದು ಒಣಗಿಲ್ಲ ಅಂತ ಹೇಳ್ತಾ ಇದ್ದೀವಿ. ಆದ್ರೆ ‘ಹಸಿ’, ‘ಹಸಿರು’ ಎರಡೂ ಒಂದೇ ಬೇರಿನವು. ತಮಿಳಿನ ಪಚ್ಚೈ ಕೂಡ ಅದೇ ಬೇರು. ತೆಲುಗಿನ ಪಚ್ಚ ಇನ್ನೂ ಮಜಾ: ಹಸಿರಿಗೂ ಆಗುತ್ತೆ, ಹಳದಿಗೂ ಆಗುತ್ತೆ. ಬಿಡಿಸಿ ಹೇಳ್ಬೇಕು ಅಂದ್ರೆ ಆಕುಪಚ್ಚ, ಅಂದ್ರೆ ಎಲೆಯದು. ಪಸುಪುಪಚ್ಚ, ಅಂದ್ರೆ ಅರಿಶಿನದ್ದು.

ಹಾಗಾದ್ರೆ ತೆಲುಗಿನವರ ಕಣ್ಣಿಗೆ ಎಲೆ, ಅರಿಶಿನ ಒಂದೇ ಥರ ಕಾಣುತ್ತಾ? ಪೆದ್ದು ಪ್ರಶ್ನೆ ಅನ್ಸುತ್ತೆ. ಆದ್ರೆ ದೊಡ್ಡದೊಡ್ಡವರೇ ಹೀಗೆ ವಾದಿಸಿದ್ರು. ಮುಂದೆ ಬ್ರಿಟನ್ನಿನ ಪ್ರಧಾನಿಯಾದ ಗ್ಲ್ಯಾಡ್‌ಸ್ಟನ್ 1858ರಲ್ಲಿ ಹೋಮರನ ಬಗ್ಗೆ ಪುಸ್ತಕ ಬರೆದ. ಹೋಮರ್ ಸಮುದ್ರವನ್ನ ದ್ರಾಕ್ಷಾರಸಕ್ಕೆ ಹೋಲಿಸ್ತಾನೆ, ಬಣ್ಣದ ಪದಗಳೂ ಕಡಿಮೆ. ಹಾಗಾಗಿ ಆ ಕಾಲದ ಗ್ರೀಕರಿಗೆ ಬಣ್ಣ ಗ್ರಹಿಸೋ ಶಕ್ತಿ ಪೂರ್ತಿ ಬೆಳೆದಿರಲಿಲ್ಲ ಅಂದ. 1877ರಲ್ಲಿ ಜರ್ಮನಿಯ ಕಣ್ಣಿನ ವೈದ್ಯ ಹ್ಯೂಗೋ ಮ್ಯಾಗ್ನಸ್ ಇದನ್ನ ಮನುಷ್ಯನ ಕಣ್ಣಿನ ವಿಕಾಸದ ಸಿದ್ಧಾಂತವನ್ನಾಗಿ ಮಾಡಿದ. ಪದ ಕಡಿಮೆ ಇರೋ ಜನ ಕಣ್ಣಲ್ಲೂ ಹಿಂದುಳಿದವರು ಅನ್ನೋಕೆ ಇಲ್ಲಿಂದ ಒಂದೇ ಹೆಜ್ಜೆ. ವಸಾಹತು ಕಾಲದಲ್ಲಿ ಅದು ಸಣ್ಣ ಮಾತಲ್ಲ.

ಆಮೇಲೆ ಎರಡೇ ವರ್ಷಕ್ಕೆ, 1879ರಲ್ಲಿ, ಇದೇ ಮುಂಬೈಯಲ್ಲಿ ನೌರೋಸ್‌ಜಿ ವಾಡಿಯಾ ಬಾಂಬೆ ಡೈಯಿಂಗ್ ಶುರು ಮಾಡಿದ್ರು. ನೂಲನ್ನ ಕೈಯಲ್ಲೇ ಬಣ್ಣಕ್ಕೆ ಅದ್ದಿ ಬಿಸಿಲಿಗೆ ಹರಡ್ತಿದ್ರು. ಕೆಂಪು, ಕಿತ್ತಳೆ, ಹಸಿರು ಇಷ್ಟೇ. ಎರಡು ಕೆಂಪಿನ ವ್ಯತ್ಯಾಸ ಹಿಡಿಯೋಕೆ ಬಣ್ಣ ಹಾಕೋನಿಗೆ ಎರಡು ಪದ ಬೇಕಿಲ್ಲ. ಎರಡು ಎಳೆ ನೂಲು ಪಕ್ಕಪಕ್ಕ ಇಟ್ರೆ ಸಾಕು.

1969ರಲ್ಲಿ ಬ್ರೆಂಟ್ ಬರ್ಲಿನ್, ಪಾಲ್ ಕೇ ಅನ್ನೋ ಇಬ್ಬರು ಬೇರೆ ದಾರಿ ಹಿಡಿದ್ರು. ಭಾಷೆಗಳಲ್ಲಿ ಬಣ್ಣದ ಪದ ಹುಟ್ಟೋದಕ್ಕೆ ಒಂದು ಕ್ರಮ ಇದೆ: ಮೊದಲು ಕಪ್ಪು, ಬಿಳಿ, ಆಮೇಲೆ ಕೆಂಪು, ಆಮೇಲೆ ಹಸಿರು ಇಲ್ಲವೇ ಹಳದಿ, ನೀಲಿ ತಡವಾಗಿ. ಅವರು ನೇರವಾಗಿ ಪರೀಕ್ಷಿಸಿದ 20 ಭಾಷೆಗಳ ಜನ ಹೆಚ್ಚಾಗಿ ಸ್ಯಾನ್ ಫ್ರಾನ್ಸಿಸ್ಕೋ ಸುತ್ತಮುತ್ತ ಇದ್ದವರು, ಇಂಗ್ಲಿಷ್ ಬಲ್ಲವರು. ನಮ್ಮಂಥ ವಲಸಿಗರನ್ನೇ ಕೂರಿಸಿ ಕೇಳಿದ್ರೆ ಉತ್ತರದಲ್ಲಿ ಇಂಗ್ಲಿಷ್ ನುಸುಳಲ್ವಾ? ಆ ಟೀಕೆ ನ್ಯಾಯವಾದದ್ದೇ.

ಆದ್ರೂ ಕನ್ನಡ ಆ ಕ್ರಮಕ್ಕೆ ಚೆನ್ನಾಗಿ ಹೊಂದುತ್ತೆ. ಕಾರ್ಮುಗಿಲು, ಬೆಳದಿಂಗಳು, ಕೆಂಗಣ್ಣು, ಹಸುಗೂಸು: ಈ ನಾಲ್ಕು ಬೇರು ಮಾತ್ರ ಹೀಗೆ ಕುಗ್ಗಿ ಇನ್ನೊಂದು ಪದಕ್ಕೆ ಅಂಟಿಕೊಳ್ಳುತ್ತೆ. ಹಳದಿ, ನೀಲಿ ಅಂಟಿಕೊಳ್ಳಲ್ಲ. ಅವು ಸಂಸ್ಕೃತದ ಹರಿದ್ರಾ, ನೀಲ ಕಡೆಯಿಂದ ಬಂದ ನೆಂಟರು.

ಉಳಿದ ಬಣ್ಣಕ್ಕೆಲ್ಲ ಕೈಗೆ ಸಿಕ್ಕ ವಸ್ತುವಿನ ಹೆಸರೇ. ಬೆಂಗಳೂರು ಮೆಟ್ರೋದ ನೇರಳೆ ಮಾರ್ಗ ಗೊತ್ತಲ್ಲ? ಮರಾಠಿಯಲ್ಲಿ ಆ ಬಣ್ಣ ಜಾಂಭಳಾ. ಜಾಂಭೂಳ್ ಅಂದ್ರೆ ನಮ್ಮ ನೇರಳೆ ಹಣ್ಣೇ. ಎರಡು ಭಾಷೆ ಒಂದೇ ಮರದಡಿ ನಿಂತಿವೆ. ಕಂದು ಬಣ್ಣಕ್ಕೆ ಮಾತ್ರ ಮರಾಠಿಯವರು ತಪಕಿರೀ ಅಂತಾರೆ. ತಪಕೀರ್ ಅಂದ್ರೆ ನಶ್ಯ.