ಕೋಠಿಯ ಹಳೆಯ ಪುಸ್ತಕಗಳು: ಹೈದರಾಬಾದಿನ ಕನ್ನಡ ಓದಿನ ಚರಿತ್ರೆಗೆ ಕೆಲವು ಆಕರಗಳು

ಕರ್ನಾಟಕದ ಹೊರಗಿದ್ದು ಕನ್ನಡ ಸಂಶೋಧನೆಯಲ್ಲಿ ತೊಡಗಿದವರ ಮೊದಲ ಕಷ್ಟ ಪುಸ್ತಕದ್ದು. ಬೇಕೆಂದ ಗ್ರಂಥ ಬೇಕೆಂದಾಗ ದೊರೆಯುವುದಿಲ್ಲ. ದೊರೆತದ್ದನ್ನು ಓದಿ ವಿಷಯವನ್ನು ಅದಕ್ಕೆ ಹೊಂದಿಸಿಕೊಳ್ಳಬೇಕಾಗುತ್ತದೆ. ಇದನ್ನು ಕೇವಲ ಕೊರತೆಯೆಂದೇ ನಾನು ಬಹುಕಾಲ ಭಾವಿಸಿದ್ದೆ. ಹೈದರಾಬಾದಿನ ಕೋಠಿಯ ಹಳೆಯ ಪುಸ್ತಕದ ಅಂಗಡಿಗಳ ಪರಿಚಯವಾದ ಮೇಲೆ ಆ ಅಭಿಪ್ರಾಯವನ್ನು ತಿದ್ದಿಕೊಳ್ಳಬೇಕಾಯಿತು. ಅಲ್ಲಿಗೆ ಕನ್ನಡ ಪುಸ್ತಕಗಳು ಬಂದ ದಾರಿಯನ್ನೂ ಅವು ಒದಗಿಸುವ ಸಾಕ್ಷ್ಯವನ್ನೂ ಪ್ರಸ್ತುತ ಲೇಖನದಲ್ಲಿ ಪರಿಶೀಲಿಸಲಾಗಿದೆ.

ಕೋಠಿ ಎಂದರೆ ದೊಡ್ಡ ಬಂಗಲೆ. 1798ರಿಂದ 1805ರವರೆಗೆ ನಿಜಾಮನ ಆಸ್ಥಾನದಲ್ಲಿ ಬ್ರಿಟಿಷ್ ರೆಸಿಡೆಂಟನಾಗಿದ್ದ ಜೇಮ್ಸ್ ಅಕಿಲಿಸ್ ಕರ್ಕ್‌ಪ್ಯಾಟ್ರಿಕ್ ಮೂಸಿ ನದಿಯ ಉತ್ತರಕ್ಕೆ ಕಟ್ಟಿಸಿದ ರೆಸಿಡೆನ್ಸಿಯಿಂದ ಈ ಹೆಸರು ಬಂದಿದೆ. 1949ರಲ್ಲಿ ಉಸ್ಮಾನಿಯಾ ವಿಶ್ವವಿದ್ಯಾಲಯದ ಮಹಿಳಾ ಕಾಲೇಜು ಆ ಕಟ್ಟಡಕ್ಕೆ ಬಂದಿತು. 2022ರಲ್ಲಿ ಕಾಲೇಜು ಸ್ವತಂತ್ರ ವಿಶ್ವವಿದ್ಯಾಲಯವಾಯಿತು. ನಮ್ಮ ದೃಷ್ಟಿಯಿಂದ ಕಟ್ಟಡಕ್ಕಿಂತ ಅದರ ಸುತ್ತಣ ಬಜಾರು ಮುಖ್ಯವಾದುದು. ರೆಸಿಡೆನ್ಸಿ ಬಜಾರು ನಿಜಾಮನ ರಾಜಧಾನಿಯ ನಡುವೆಯೇ ಇದ್ದರೂ ಬ್ರಿಟಿಷ್ ಆಡಳಿತಕ್ಕೆ ಒಳಪಟ್ಟಿತ್ತು. 1933ರಲ್ಲಿ ಅದು ನಿಜಾಮನಿಗೆ ಹಿಂದಿರುಗಿ ಸುಲ್ತಾನ್ ಬಜಾರ್ ಎನಿಸಿತು. ಸಭೆ, ಸಂಘ, ಪತ್ರಿಕೆಗಳ ಮೇಲೆ ಸಂಸ್ಥಾನ ಹೇರಿದ್ದ ನಿರ್ಬಂಧಗಳು ಅಷ್ಟು ಕಾಲ ಅಲ್ಲಿ ಸಡಿಲವಾಗಿದ್ದವು. ದೇಶಭಾಷೆಗಳ ಸಂಘಟನೆಗಳು ಮೊದಲು ಇಲ್ಲಿಯೇ ಬೇರುಬಿಟ್ಟದ್ದು ಆಕಸ್ಮಿಕವಲ್ಲ.

1901ರ ಸೆಪ್ಟೆಂಬರ್ 1ರಂದು ರಾವಿಚೆಟ್ಟು ರಂಗರಾವು, ಕೊಮರ್ರಾಜು ಲಕ್ಷ್ಮಣರಾವು ಮೊದಲಾದವರು ಇಲ್ಲಿ ಶ್ರೀಕೃಷ್ಣದೇವರಾಯ ಆಂಧ್ರ ಭಾಷಾ ನಿಲಯವನ್ನು ಸ್ಥಾಪಿಸಿದರು. ಕನ್ನಡಿಗರೂ ತಮ್ಮವನೆಂದು ಹೇಳಿಕೊಳ್ಳುವ ಅರಸನ ಹೆಸರು ತೆಲುಗು ಗ್ರಂಥಾಲಯಕ್ಕೆ ಸಂದಿತು. ಕನ್ನಡದ ಪ್ರಯತ್ನಗಳು ಇದಕ್ಕಿಂತ ತಡವಾದವು, ನೆಲೆಯೂ ತುಸು ದೂರ, ಕಾಚಿಗೂಡದಲ್ಲಿ. ಅಲ್ಲಿ ಕನ್ನಡಿಗರು ತಮ್ಮ ಶಾಲೆಗೆ ನೃಪತುಂಗನ ಹೆಸರಿಟ್ಟರು. ಅವನ ರಾಜಧಾನಿ ಮಾನ್ಯಖೇಟ, ಅಂದರೆ ಇಂದಿನ ಮಳಖೇಡ, ಆಗ ನಿಜಾಮನ ಸಂಸ್ಥಾನದಲ್ಲಿಯೇ ಇತ್ತು. ಬೀದರ, ಗುಲಬರ್ಗಾ, ರಾಯಚೂರು ಜಿಲ್ಲೆಗಳ ಕನ್ನಡ ವಿದ್ಯಾರ್ಥಿಗೆ ಉನ್ನತ ಶಿಕ್ಷಣದ ಊರು ಹೈದರಾಬಾದು. 1918ರಲ್ಲಿ ಆರಂಭವಾದ ಉಸ್ಮಾನಿಯಾದಲ್ಲಿ ಬೋಧನೆಯೆಲ್ಲ ಉರ್ದುವಿನಲ್ಲಿ. ಕನ್ನಡವನ್ನು ಅಲ್ಲಿ ಕಲಿಸಿದವರು ಡಿ. ಕೆ. ಭೀಮಸೇನರಾಯರು. ಸಿದ್ಧಯ್ಯ ಪುರಾಣಿಕರು ಓದಿದ್ದೂ ಅಲ್ಲಿಯೇ. ತರಗತಿಯಲ್ಲಿ ಉರ್ದು, ಬಜಾರಿನಲ್ಲಿ ತೆಲುಗು ಮತ್ತು ಮರಾಠಿ, ಮನೆಯಲ್ಲಿ ಕನ್ನಡ: ಈ ತಲೆಮಾರಿನ ಓದುಗ ಒಂದೇ ಭಾಷೆಯ ಓದುಗನಾಗಿರಲು ಸಾಧ್ಯವಿರಲಿಲ್ಲ.

1956ರ ನವೆಂಬರ್ 1ರಂದು ಸಂಸ್ಥಾನ ಒಡೆದು ಕನ್ನಡ ಜಿಲ್ಲೆಗಳು ಮೈಸೂರಿಗೆ ಸೇರಿದವು. ನೌಕರರು, ಅಧ್ಯಾಪಕರು ಹಲವರು ಗಡಿಯಾಚೆ ಹೋದರು. ಉಳಿದವರ ಮಕ್ಕಳು ಬೇರೆ ಮಾಧ್ಯಮಗಳಲ್ಲಿ ಓದಿದರು. ಓದುವವರಿಲ್ಲದ ಮನೆಯ ಕಪಾಟು ಕೊನೆಗೆ ರದ್ದಿಯವನ ತಕ್ಕಡಿಗೆ, ಅಲ್ಲಿಂದ ಕೋಠಿಗೆ ಬರುತ್ತದೆ.

ಕೋಠಿಯ ಅಂಗಡಿಗಳ ನಿಜವಾದ ವ್ಯಾಪಾರ ವೈದ್ಯಕೀಯ, ಎಂಜಿನಿಯರಿಂಗ್, ಸ್ಪರ್ಧಾಪರೀಕ್ಷೆಗಳ ಪುಸ್ತಕಗಳದು. ಉಸ್ಮಾನಿಯಾ ವೈದ್ಯಕೀಯ ಕಾಲೇಜು ಪಕ್ಕದಲ್ಲಿಯೇ ಇದೆ. ಕನ್ನಡಕ್ಕೆಂದು ಪ್ರತ್ಯೇಕ ಸ್ಥಳವಿಲ್ಲ. ಲಿಪಿಗಳು ಹತ್ತಿರವಾದುದರಿಂದ ಮಾರುವವನು ಕನ್ನಡವನ್ನು ತೆಲುಗಿನ ರಾಶಿಯಲ್ಲಿಯೇ ಸೇರಿಸಿಬಿಡುತ್ತಾನೆ. ಲಿಪಿಶಾಸ್ತ್ರಜ್ಞರು ಶಾಸನಗಳಲ್ಲಿ ಗುರುತಿಸುವ ತೆಲುಗು-ಕನ್ನಡದ ಏಕತೆಯನ್ನು ಅವನು ಅರಿಯದೆಯೇ ಪಾಲಿಸುತ್ತಿದ್ದಾನೆ! ಪರಿಣಾಮವಾಗಿ ಕಾದಂಬರಿಯ ಕೆಳಗೆ ಪಂಚಾಂಗ, ಅದರ ಕೆಳಗೆ ಶಾಸನ ಸಂಪುಟ ಇರುತ್ತದೆ. ಪಾಲ್ಕುರಿಕೆ ಸೋಮನಾಥನ ತೆಲುಗು ಬಸವಪುರಾಣವನ್ನು ನಾನು ಮೊದಲು ಕೈಗೆತ್ತಿಕೊಂಡದ್ದು ಇಂಥ ರಾಶಿಯಲ್ಲಿ, ಬೇರೇನನ್ನೋ ಹುಡುಕುವಾಗ. 1369ರಲ್ಲಿ ಭೀಮಕವಿ ಅದನ್ನು ಕನ್ನಡಿಸಿದನೆಂಬುದನ್ನು ಪಾಠದಲ್ಲಿ ಹೇಳುತ್ತಿದ್ದೆನೇ ಹೊರತು ಮೂಲವನ್ನು ಪಕ್ಕದಲ್ಲಿಟ್ಟುಕೊಂಡು ಓದಿರಲಿಲ್ಲ.

ಇನ್ನೊಂದು ಉದಾಹರಣೆ ಹೈದರಾಬಾದ್ ಪುರಾತತ್ತ್ವ ಮಾಲೆಯದು. ಸಂಸ್ಥಾನದ ಪುರಾತತ್ತ್ವ ಇಲಾಖೆ 1914ರಲ್ಲಿ ಗುಲಾಂ ಯಜ್ದಾನಿಯವರ ನೇತೃತ್ವದಲ್ಲಿ ಆರಂಭವಾಯಿತು. ಮರುವರ್ಷ ಬೆಳಕಿಗೆ ಬಂದ ಮಸ್ಕಿಯ ಅಶೋಕ ಶಾಸನವೇ ಈ ಮಾಲೆಯ ಮೊದಲ ಸಂಚಿಕೆ. ಕೊಪ್ಪಳದ ಕನ್ನಡ ಶಾಸನಗಳನ್ನು ಸಿ. ಆರ್. ಕೃಷ್ಣಮಾಚಾರ್ಲು 1935ರಲ್ಲಿ ಹನ್ನೆರಡನೆಯ ಸಂಚಿಕೆಯಾಗಿ ಸಂಪಾದಿಸಿದರು. ಕವಿರಾಜಮಾರ್ಗ ತಿರುಳ್ಗನ್ನಡದ ನಾಡನ್ನು ಗುರುತಿಸುವಾಗ ಹೆಸರಿಸುವ ಕೊಪಣ ಇದೇ ಕೊಪ್ಪಳ. ಕನ್ನಡದ ತಿರುಳಿನ ದಾಖಲೆಯನ್ನು ಉರ್ದು ಆಡಳಿತದ ಸಂಸ್ಥಾನವೊಂದು ಇಂಗ್ಲಿಷಿನಲ್ಲಿ ಪ್ರಕಟಿಸಿತು. ಪಿ. ಬಿ. ದೇಸಾಯಿಯವರು ಹೈದರಾಬಾದ್ ಸಂಸ್ಥಾನದ ಕನ್ನಡ ಜಿಲ್ಲೆಗಳ ಶಾಸನಗಳನ್ನು ಸಂಪಾದಿಸಿದ ಹದಿನೆಂಟನೆಯ ಸಂಚಿಕೆ ಹೊರಬಂದದ್ದು 1958ರಲ್ಲಿ. ಶೀರ್ಷಿಕೆಯಲ್ಲಿರುವ ಸಂಸ್ಥಾನ ಆಗ ಇಲ್ಲವಾಗಿ ಎರಡು ವರ್ಷವಾಗಿತ್ತು.

ಶಾಸನ ಸಂಪುಟಗಳು ಹೇಗೂ ಯಾವುದಾದರೊಂದು ಗ್ರಂಥಾಲಯದಲ್ಲಿ ಉಳಿಯುತ್ತವೆ. ಉಳಿಯದವು ಕಾದಂಬರಿಗಳು. ವಿದ್ವಾಂಸರಾದ ನಾವು ಅವನ್ನು ಪಕ್ಕಕ್ಕೆ ಸರಿಸಿ ಶಾಸನ, ಕೋಶ, ವ್ಯಾಕರಣಗಳನ್ನು ಮಾತ್ರ ಆಯ್ದುಕೊಳ್ಳುತ್ತೇವೆ. ನಾನೂ ಹಾಗೆಯೇ ಮಾಡುತ್ತಿದ್ದೆ. ಆದರೆ ಹೈದರಾಬಾದಿನ ಕನ್ನಡಿಗರು ನಿಜವಾಗಿ ಏನನ್ನು ಓದಿದರೆಂಬುದಕ್ಕೆ ಸಾಕ್ಷ್ಯ, ಕೈಯಿಂದ ಕೈಗೆ ದಾಟಿ ಜೀರ್ಣವಾದ ಆ ಪ್ರತಿಗಳಲ್ಲಿಯೇ ಇದೆ. ಹರಿ ನಾರಾಯಣ ಆಪಟೆಯವರ ಮರಾಠಿ ಕಾದಂಬರಿಗಳನ್ನು ಗಳಗನಾಥರು ಕನ್ನಡಕ್ಕೆ ತಂದದ್ದು ಪ್ರಸಿದ್ಧ. ಮರಾಠಿಯನ್ನೂ ಓದಬಲ್ಲ ಹೈದರಾಬಾದಿನ ಕನ್ನಡಿಗನು ಮೂಲವನ್ನು ಬಿಟ್ಟು ಕನ್ನಡವನ್ನು ಏಕೆ ಆರಿಸಿಕೊಂಡನು? ಸಾಹಿತ್ಯಚರಿತ್ರೆಗಳು ಈ ಪ್ರಶ್ನೆಯನ್ನು ಕೇಳಿಲ್ಲ.

ಗಳಗನಾಥರ ಒಂದು ಪ್ರತಿ ನನಗೆ ಕೋಠಿಯಲ್ಲಿ ದೊರೆಯಿತು. ಮುಖಪುಟದ ಹಿಂದಿನ ಹಾಳೆಯಲ್ಲಿ ಒಡೆಯನ ಹೆಸರು ಉರ್ದುವಿನಲ್ಲಿ, ಬೆಲೆ ಮೋಡಿ ಅಕ್ಷರದಲ್ಲಿ, ಅದರ ಕೆಳಗೆ ಕನ್ನಡದಲ್ಲಿ ಹೆಂಗಸರ ಹೆಸರುಗಳ ಪಟ್ಟಿಯೊಂದಿತ್ತು. ಪ್ರಾಯಶಃ ಎರವಲು ಪಡೆದವರದು. ಹಾಳೆ ಹುಳು ತಿಂದಿತ್ತು. ಪುಸ್ತಕವನ್ನು ಬೈಂಡಿಗೆ ಕೊಡುವಾಗ ಆ ಹಾಳೆ ಬೇಡವೆಂದು ಹೇಳಿದವನು ನಾನೇ. ಆಗ ನನಗೆ ಬೇಕಾಗಿದ್ದುದು ಕಥೆ ಮಾತ್ರ. 2020ರಲ್ಲಿ ಮೆಟ್ರೋ ರೈಲು ಸುಲ್ತಾನ್ ಬಜಾರಿನ ಮೇಲೆ ಓಡತೊಡಗಿದ ಮೇಲೂ ಹಲವು ಬಾರಿ ಅಲ್ಲಿಗೆ ಹೋಗಿದ್ದೇನೆ. ಈಗ ರಾಶಿಯಲ್ಲಿ ಕನ್ನಡ ಪುಸ್ತಕ ಕಂಡರೆ ಮೊದಲು ತೆರೆಯುವುದು ಹಿಂದಿನ ಹಾಳೆಯನ್ನು. ಅದರ ಮೇಲಿನ ಬರಹವನ್ನು ಅಲ್ಲಿಯೇ ನಿಂತು ಪ್ರತಿ ಮಾಡಿಕೊಂಡು ಆಮೇಲೆ ಬೆಲೆ ಕೇಳುತ್ತೇನೆ. ಆ ಪಟ್ಟಿಯಲ್ಲಿದ್ದ ಹೆಸರುಗಳಲ್ಲಿ ಎರಡು ಮಾತ್ರ ನನಗೆ ನೆನಪಿವೆ.