ಬ್ರಿಸ್ಬೇನ್ ನಗರದ ವಾಸ್ತುಶಿಲ್ಪ ಮತ್ತು ನಗರರಚನೆ

ಬ್ರಿಸ್ಬೇನ್ ಆಸ್ಟ್ರೇಲಿಯದ ಕ್ವೀನ್ಸ್‌ಲೆಂಡ್ ರಾಜ್ಯದ ರಾಜಧಾನಿ. ದಕ್ಷಿಣ ಅಕ್ಷಾಂಶ ಸುಮಾರು 27.5 ಡಿಗ್ರಿಯಲ್ಲಿ, ಮೋರ್ಟನ್ ಕೊಲ್ಲಿಯನ್ನು ಸೇರುವ ಮುನ್ನ ಸುತ್ತಿ ಬಳಸಿ ಹರಿಯುವ ನದಿಯ ಇಕ್ಕೆಲಗಳಲ್ಲಿ ಹಬ್ಬಿರುವ ಉಪೋಷ್ಣವಲಯದ ನಗರ. ಬೇಸಗೆಯಲ್ಲಿ ಸೆಕೆಯೂ ಬಿರುಮಳೆಯೂ, ಚಳಿಗಾಲದಲ್ಲಿ ಒಣಹವೆಯೂ ತಿಳಿಬಿಸಿಲೂ ಇಲ್ಲಿಯ ಋತುಧರ್ಮ. ಹೆಸರಾಂತ ವಾಸ್ತುಶಿಲ್ಪಿಗಳ ಕಲ್ಲಿನ ಸೌಧಗಳು ಇಲ್ಲಿಯೂ ಉಂಟು. ಆದರೆ ಈ ಸೀಮೆಯ ಹವೆಯನ್ನು ಮೊದಲು ಅರ್ಥಮಾಡಿಕೊಂಡವರು ಮರವನ್ನೂ ತಗಡನ್ನೂ ಜೋಡಿಸಿ ಮನೆ ನಿಲ್ಲಿಸಿದ ಅನಾಮಧೇಯ ಬಡಗಿಗಳು, ಮತ್ತು ಅವರಿಗೆ ತಿಳಿದಿದ್ದುದನ್ನು ನಗರದ ಯೋಜಕರು ಕಲಿಯಲು ಒಂದು ಶತಮಾನಕ್ಕೂ ಮಿಕ್ಕಿದ ಕಾಲ ಹಿಡಿಯಿತು.

ಟರ್ಬಲ್ ಮತ್ತು ಯಗೆರಾ ಎಂಬ ಮೂಲನಿವಾಸಿ ಜನರು ಮೀಆಂಜಿನ್ ಎಂದು ಕರೆಯುತ್ತಿದ್ದ ಈ ನದೀತೀರಕ್ಕೆ ಬ್ರಿಟಿಷರು 1825ರಲ್ಲಿ ತಮ್ಮ ಕೈದಿಗಳ ನೆಲೆಯನ್ನು ತಂದರು. ಅದಕ್ಕೆ ಒಂದು ವರ್ಷ ಮೊದಲು ಅದನ್ನು ರೆಡ್‌ಕ್ಲಿಫ್‌ನ ಕಡಲತಡಿಯಲ್ಲಿ ಹೂಡಿದ್ದರು. ಕೈದಿಗಳ ಕೈಕೆಲಸವಾಗಿ ಇಂದಿಗೂ ನಿಂತಿರುವುವು ಎರಡೇ: 1828ರ ಗಾಳಿಗಿರಣಿಯ ಗೋಪುರ ಮತ್ತು 1829ರ ಕಮಿಸರಿಯಟ್ ಉಗ್ರಾಣ. 1842ರಲ್ಲಿ ಊರನ್ನು ಸ್ವತಂತ್ರ ವಲಸಿಗರಿಗೆ ತೆರೆದಾಗ, ಭೂಮಾಪಕರ ನಕ್ಷೆಯನ್ನು ಕಂಡ ಗವರ್ನರ್ ಜಾರ್ಜ್ ಗಿಪ್ಸ್, ಇಂಥ ಹಳ್ಳಿಗೆ ಅಷ್ಟು ಅಗಲದ ಬೀದಿಗಳೇಕೆಂದು ಆಕ್ಷೇಪಿಸಿದನೆಂದೂ, ಬಹುಪಾಲು ಬೀದಿಗಳು 66 ಅಡಿಗೆ ಇಳಿದುದು ಅದರಿಂದಲೇ ಎಂದೂ ಪ್ರತೀತಿ. ರಾಣಿ-ರಾಜಕುಮಾರಿಯರ ಹೆಸರಿನ ಬೀದಿಗಳು ಒಂದು ದಿಕ್ಕಿಗೆ, ರಾಜ-ರಾಜಕುಮಾರರ ಹೆಸರಿನವು ಅವಕ್ಕೆ ಅಡ್ಡವಾಗಿ ಸಾಗುವ ಈ ಚೌಕಳಿ ವಿನ್ಯಾಸ ನಗರಮಧ್ಯದಲ್ಲಿ ಇಂದಿಗೂ ಹಾಗೆಯೇ ಇದೆ. ಊರಂಚಿನ ‘ಬೌಂಡರಿ’ ಬೀದಿಗಳು ಕತ್ತಲಾದ ಮೇಲೆ ಮೂಲನಿವಾಸಿಗಳು ದಾಟಿ ಒಳಬರಬಾರದೆಂದು ವಿಧಿಸಿದ್ದ ಗಡಿಯ ಕುರುಹುಗಳು. ನಿಷೇಧ ಹೋಗಿದೆ, ಬೀದಿಗಳ ಹೆಸರು ಹೋಗಿಲ್ಲ.

1859ರಲ್ಲಿ ಕ್ವೀನ್ಸ್‌ಲೆಂಡ್ ಪ್ರತ್ಯೇಕ ವಸಾಹತಾಯಿತು. 1864ರ ಮಹಾ ಅಗ್ನಿಯಲ್ಲಿ ಪೇಟೆಯ ಮರದ ಅಂಗಡಿಸಾಲುಗಳು ಸುಟ್ಟುಹೋದ ಬಳಿಕ ಇಟ್ಟಿಗೆ-ಕಲ್ಲುಗಳ ಕಟ್ಟಡಗಳು ಹೆಚ್ಚಿದುವು. ಸರ್ಕಾರದ ವಾಸ್ತುಶಿಲ್ಪಿ ಚಾರ್ಲ್ಸ್ ಟಿಫಿನ್ ರಚಿಸಿದ ಪಾರ್ಲಿಮೆಂಟ್ ಭವನ 1868ರಲ್ಲಿ ಬಳಕೆಗೆ ಬಂದಿತು. ಫ್ರೆಂಚ್ ನವೋದಯ ಶೈಲಿಯ ಈ ಭವ್ಯ ಸೌಧಕ್ಕೆ ಬಿಸಿಲು ತಡೆಯುವ ಕಂಬಸಾಲಿನ ಮೊಗಸಾಲೆಯನ್ನು ಆಮೇಲೆ ಸೇರಿಸಬೇಕಾಯಿತೆಂಬುದು ಗಮನಾರ್ಹ.

ಸಾಮಾನ್ಯರ ಮನೆಗೆ ಮೊಗಸಾಲೆ ಮೊದಲಿನಿಂದಲೂ ಇದ್ದಿತು. ‘ಕ್ವೀನ್ಸ್‌ಲೆಂಡರ್’ ಎಂದು ಹೆಸರಾದ ಈ ಮನೆಯನ್ನು ನೆಲದ ಮೇಲೆ ಕೂರಿಸದೆ, ಸಾಲು ಸಾಲಾಗಿ ಹುಗಿದ ಗಟ್ಟಿಮರದ ಗೂಟಗಳ ಮೇಲೆ, ಕೆಲವೆಡೆ ಆಳೆತ್ತರಕ್ಕೆ, ಎತ್ತಿ ಕಟ್ಟುವರು. ಪ್ರತಿ ಗೂಟದ ನೆತ್ತಿಗೂ ಅಂಚು ಹೊರಚಾಚಿದ ತಗಡಿನ ಟೋಪಿಯೊಂದುಂಟು. ನೆಲದಿಂದ ಮರಕ್ಕೆ ಗುಟ್ಟಾಗಿ ಏರುವ ಗೆದ್ದಲು ಆ ಅಂಚನ್ನು ಬಳಸಿ ಹೊರಗೆ ಮಣ್ಣಿನ ಕೊಳವೆ ಕಟ್ಟಲೇಬೇಕಾಗುವುದರಿಂದ, ಮನೆಯವನ ಕಣ್ಣಿಗೆ ಬಿದ್ದೇ ತೀರುತ್ತದೆ. ಗೋಡೆಯೆಂದರೆ ಒಂದೇ ಪದರದ ಪೈನ್ ಹಲಗೆ. ಕೋಣೆಯ ಬಾಗಿಲುಗಳ ಮೇಲೆ ಗಾಳಿ ನುಸುಳುವಂತೆ ಕೊರೆದ ಮರದ ಜಾಲರಿ, ಮುಂದೆ ಅಗಲವಾದ ವರಾಂಡ, ಅದಕ್ಕೆ ಅಡ್ಡಪಟ್ಟಿಗಳ ತಡಿಕೆ, ಮೇಲೆ ಅಲೆತಗಡಿನ ಇಳಿಜಾರು ಮಾಡು. ಮನೆಯಡಿಯ ನೆರಳು ಬಟ್ಟೆ ಒಗೆಯಲು, ಮಳೆಗಾಲದಲ್ಲಿ ಒಣಹಾಕಲು, ಮಕ್ಕಳ ಆಟಕ್ಕೆ ಒದಗಿತು. ಗುಡ್ಡದ ಇಳಿಜಾರಿನಲ್ಲಿ ನೆಲ ಕಡಿದು ಸಮಮಾಡುವ ವೆಚ್ಚವೂ ಉಳಿಯಿತು. ನಿವೇಶನಗಳನ್ನು ಅತಿಯಾಗಿ ತುಂಡರಿಸದಂತೆ 1885ರ ಕಾಯಿದೆ ತಡೆದು, ಪ್ರತಿ ಮನೆಗೆ ಕನಿಷ್ಠ 16 ಪರ್ಚ್, ಎಂದರೆ ಸುಮಾರು 405 ಚದರ ಮೀಟರ್ ನೆಲವಿರಬೇಕೆಂದು ವಿಧಿಸಿದುದರಿಂದ, ಒತ್ತೊತ್ತಾದ ಸಾಲುಮನೆಗಳ ಬದಲು ನಾಲ್ಕೂ ಕಡೆ ಗಾಳಿಯಾಡುವ ಬಿಡಿಮನೆಗಳೇ ಈ ನಗರದ ಲಕ್ಷಣವಾದುವು. ಈ ಮನೆಯಲ್ಲಿ ದೋಷವಿಲ್ಲದಿಲ್ಲ. ತೆಳುಗೋಡೆ ಚಳಿಗಾಲದ ರಾತ್ರಿಯನ್ನು ತಡೆಯದು, ಪಕ್ಕದ ಕೋಣೆಯ ಮಾತನ್ನೂ ತಡೆಯದು. ಸೂರ್ಯ ಯಾವ ದಿಕ್ಕಿನಲ್ಲಿದ್ದರೂ ಮನೆ ಬೀದಿಗೇ ಮುಖಮಾಡಿ ನಿಲ್ಲುತ್ತಿತ್ತು. ದಕ್ಷಿಣ ಗೋಳಾರ್ಧದಲ್ಲಿ ನಡುಹಗಲಿನ ಸೂರ್ಯ ಉತ್ತರಕ್ಕಿರುವನೆಂಬುದನ್ನು ನಮ್ಮ ಓದುಗರು ಇಲ್ಲಿ ನೆನೆಯಬೇಕು. ವಿಯೆನ್ನಾದಿಂದ 1939ರಲ್ಲಿ ಇಲ್ಲಿಗೆ ಬಂದ ವಾಸ್ತುಶಿಲ್ಪಿ ಕಾರ್ಲ್ ಲಾಂಗರ್, ಉಪೋಷ್ಣವಲಯದ ಗೃಹನಿರ್ಮಾಣವನ್ನು ಕುರಿತು 1944ರಲ್ಲಿ ಪ್ರಕಟಿಸಿದ ಕಿರುಹೊತ್ತಗೆಯಲ್ಲಿ, ಮನೆಯನ್ನು ಬಿಸಿಲು-ಗಾಳಿಗಳ ದಿಕ್ಕನ್ನು ನೋಡಿ ನಿಲ್ಲಿಸಬೇಕೆಂದು ವಾದಿಸಿದನು.

ನದಿಯ ಪಾಠ ಇನ್ನೂ ಕಠೋರವಾದುದು. 1893ರ ಫೆಬ್ರವರಿಯಲ್ಲಿ ನೆರೆ 8.35 ಮೀಟರಿಗೆ ಏರಿ, ನಗರದ ಎರಡು ದಡಗಳನ್ನು ಕೂಡಿಸಿದ್ದ ವಿಕ್ಟೋರಿಯ ಸೇತುವೆಯನ್ನೂ ಇಂಡೂರೂಪಿಲಿಯ ರೈಲುಸೇತುವೆಯನ್ನೂ ಕೊಚ್ಚಿಕೊಂಡು ಹೋಯಿತು. ಪಲೂಮ ಎಂಬ ಯುದ್ಧನೌಕೆ ಸಸ್ಯೋದ್ಯಾನದ ನಡುವೆ ಬಂದು ಕೂತಿತು. ಅದನ್ನು ಮರಳಿ ನೀರಿಗಿಳಿಸುವುದೆಂತೆಂದು ಜನ ಚಿಂತಿಸುತ್ತಿರುವಾಗಲೇ, ಅದೇ ತಿಂಗಳು ಬಂದ ಮತ್ತೊಂದು ನೆರೆ ಅದನ್ನೆತ್ತಿ ಹೊಳೆಗೆ ಸೇರಿಸಿತು. ಇಷ್ಟಾದರೂ ತಗ್ಗಿನ ನೆಲಗಳಲ್ಲಿ ಮನೆ ಕಟ್ಟುವುದು ನಿಲ್ಲಲಿಲ್ಲ.

1925ರಲ್ಲಿ ಸುತ್ತಣ ಪೌರಾಡಳಿತಗಳೆಲ್ಲ ಒಂದೇ ಮಹಾನಗರ ಸಭೆಯಲ್ಲಿ ಲೀನವಾದುವು. 1930ರಲ್ಲಿ ತೆರೆದ ನಗರಭವನದ 92 ಮೀಟರ್ ಎತ್ತರದ ಗಡಿಯಾರಗೋಪುರ ಆ ಏಕೀಕರಣದ ಹೆಮ್ಮೆಯನ್ನು ಸಾರಿತು. 1940ರ ಸ್ಟೋರಿ ಸೇತುವೆಯೂ ಅದೇ ಕಾಲದ್ದು. ಯುದ್ಧಾನಂತರದ ಕಾಲವನ್ನು ಹೊಗಳಲಾಗದು. 1969ರಲ್ಲಿ ಟ್ರಾಮುಗಳನ್ನು ನಿಲ್ಲಿಸಿ, ನಗರಮಧ್ಯದ ನದೀತೀರದುದ್ದಕ್ಕೂ ಮೋಟಾರುಗಳಿಗಾಗಿ ಕಾಂಕ್ರೀಟಿನ ಮೇಲ್ರಸ್ತೆಯನ್ನು ಎಬ್ಬಿಸಿ, ನಡೆದುಬರುವವನಿಗೆ ನೀರು ಕಾಣದಂತೆ ಮಾಡಿದುದು ಈ ನಗರ ತನಗೆ ತಾನೇ ಎಸಗಿಕೊಂಡ ಅಪಚಾರ. 1974ರ ಜನವರಿಯಲ್ಲಿ 5.45 ಮೀಟರಿನ ನೆರೆ ಬಂದಿತು. ಕಬ್ಬಿಣದ ಕುಸುರಿಯ ಮೊಗಸಾಲೆಗಳಿಂದ ಶೋಭಿಸುತ್ತಿದ್ದ ಬೆಲ್‌ವ್ಯೂ ಹೋಟೆಲನ್ನು 1979ರಲ್ಲಿ, ಕ್ಲೌಡ್‌ಲೆಂಡ್ ನೃತ್ಯಮಂದಿರವನ್ನು 1982ರಲ್ಲಿ, ಜನ ನಿದ್ರಿಸುತ್ತಿರುವ ಹೊತ್ತಿನಲ್ಲಿ ಕೆಡವಿದರು. ಅದರಿಂದೆದ್ದ ಆಕ್ರೋಶದ ಬೆನ್ನಿಗೆ, ಪರಂಪರೆಯ ಕಟ್ಟಡಗಳನ್ನು ರಕ್ಷಿಸುವ ಶಾಶ್ವತ ಕಾಯಿದೆ 1992ರಲ್ಲಿ ಬಂದಿತು.

ನಗರ ಮತ್ತೆ ನದಿಯತ್ತ ತಿರುಗಿದುದು ದಕ್ಷಿಣ ದಡದಿಂದ. ರಾಬಿನ್ ಗಿಬ್ಸನ್ ರೂಪಿಸಿದ ಸಾಂಸ್ಕೃತಿಕ ಕೇಂದ್ರ, 1982ರ ಕಲಾಸಂಗ್ರಹಾಲಯದಿಂದ 1988ರ ರಾಜ್ಯ ಗ್ರಂಥಾಲಯದವರೆಗೆ ಹಂತಹಂತವಾಗಿ, ತಗ್ಗಿನ ಬಿಳಿ ಕಾಂಕ್ರೀಟಿನ ಸ್ತರಗಳಲ್ಲಿ ನೀರಿನ ಗುಂಟ ಹರಡಿಕೊಂಡಿತು. ಪಕ್ಕದ ನೆಲದಲ್ಲಿ 1988ರ ವಿಶ್ವಪ್ರದರ್ಶನ ಮುಗಿದ ಬಳಿಕ ಅದನ್ನು ವಾಣಿಜ್ಯ ನಿರ್ಮಾಣಕ್ಕೆ ಒಪ್ಪಿಸುವ ಆಲೋಚನೆಯಿದ್ದಿತು. ಜನರ ಒತ್ತಾಯದಿಂದ ಅದು 1992ರಲ್ಲಿ ಸೌತ್ ಬ್ಯಾಂಕ್ ಎಂಬ ಸಾರ್ವಜನಿಕ ಉದ್ಯಾನವಾಯಿತು. ಅಲ್ಲಿ ಬೋಗನ್‌ವಿಲ್ಲ ಹಬ್ಬಿದ ಉಕ್ಕಿನ ಚಪ್ಪರದಡಿ ಸುಮಾರು ಒಂದು ಕಿಲೋಮೀಟರ್ ದೂರ ನಡೆಯಬಹುದು. ಬಡಗಿಯ ವಿವೇಕವನ್ನು ಎತ್ತರದ ಕಟ್ಟಡಗಳಿಗೂ ಒಗ್ಗಿಸುವ ಹವಣಿಕೆಯಿಂದ ನಗರಸಭೆ 2016ರಲ್ಲಿ ‘ಉಸಿರಾಡುವ ಕಟ್ಟಡಗಳು’ ಎಂಬ ಮಾರ್ಗದರ್ಶಿಯನ್ನು ಹೊರಡಿಸಿ, ನೆರಳು, ಗಾಳಿಯಾಟ, ಹಸುರು ಬಾಲ್ಕನಿಗಳನ್ನು ವಿನ್ಯಾಸದ ಗುಣಗಳೆಂದು ಸಾರಿತು. ಹವಾನಿಯಂತ್ರಣವನ್ನೇ ನೆಚ್ಚಿದ ಗಾಜಿನ ಗೋಪುರಗಳು ಇನ್ನೂ ಕಡಮೆಯೇನಲ್ಲ.

1974ರ ನೆರೆಯ ಅನಂತರ ಕಟ್ಟಿದ ವೈವನ್‌ಹೋ ಅಣೆಕಟ್ಟೆ 1980ರ ದಶಕದ ಮಧ್ಯದಲ್ಲಿ ಮುಗಿದಾಗ, ನದಿ ಪಳಗಿತೆಂದು ಹಲವರು ನಂಬಿದರು. 2011ರ ಜನವರಿಯಲ್ಲಿ ನೀರು 4.46 ಮೀಟರಿಗೆ ಏರಿತು. ನ್ಯೂ ಫಾರ್ಮ್ ಬಳಿ 2003ರಲ್ಲಿ ನಿರ್ಮಿಸಿದ್ದ ತೇಲುವ ಕಾಲುದಾರಿ ಮುರಿದು, ಅದರ ಸುಮಾರು 300 ಮೀಟರ್ ಉದ್ದದ ತುಂಡು ಸಮುದ್ರದತ್ತ ಸಾಗಿದಾಗ, ಸಣ್ಣ ಟಗ್ ದೋಣಿಯೊಂದು ಅದನ್ನು ತಳ್ಳಿ ತಿರುಗಿಸುತ್ತ ಸೇತುವೆಗೆ ಬಡಿಯದಂತೆ ಕಾಪಾಡಿತು. 2014ರಲ್ಲಿ ಮತ್ತೆ ತೆರೆದ ದಾರಿ ತೇಲುವುದಿಲ್ಲ. ನದಿಯ ತಳದಲ್ಲಿ ಊರಿದ ಕಂಬಗಳ ಮೇಲೆ ಎತ್ತರದಲ್ಲಿ ನಿಂತಿದೆ. 2022ರ ಫೆಬ್ರವರಿಯಲ್ಲಿ ಮತ್ತೊಮ್ಮೆ 3.85 ಮೀಟರಿನ ನೆರೆ ಬಂದ ಮೇಲೆ ಸರ್ಕಾರಗಳು ಕ್ವೀನ್ಸ್‌ಲೆಂಡಿನ ನೆರೆಪೀಡಿತರಿಗೆ 74.1 ಕೋಟಿ ಡಾಲರಿನ ನಿಧಿಯೊಂದನ್ನು ಏರ್ಪಡಿಸಿದುವು. ಅದರ ನೆರವಿನಿಂದ ಕೆಲವು ಮನೆಗಳನ್ನು ಹಳೆಯ ಕ್ರಮದಂತೆ ಮೇಲಕ್ಕೆತ್ತಿ ನಿಲ್ಲಿಸಿದರು, ತೀರ ತಗ್ಗಿನಲ್ಲಿದ್ದ ಕೆಲವನ್ನು ಕೊಂಡು ಕೆಡವಿ, ಆ ನೆಲದಲ್ಲಿ ಇನ್ನು ಮನೆ ಕಟ್ಟಕೂಡದೆಂದು ಬಯಲಾಗಿ ಬಿಟ್ಟರು.