ಭೋಗಭೂಮಿಯ ಭೂಗೋಳ

ಚರಿತ್ರೆಗೊಂದು ಪುಸ್ತಕ, ಭೂಗೋಳಕ್ಕೆ ಇನ್ನೊಂದು. ನಾವೆಲ್ಲ ಶಾಲೆಯಲ್ಲಿ ಕಲಿತ ಕ್ರಮ ಇದು. ಆಗಿಹೋದದ್ದೆಲ್ಲ ಮೊದಲನೆಯದರ ಪಾಲು. ಈಗ ಇರುವುದು ಎರಡನೆಯದರ ಪಾಲು. ನಮ್ಮ ಪ್ರಾಚೀನ ಜೈನಕವಿಗಳನ್ನು ಓದಹೊರಟವರಿಗೆ ಈ ವಿಂಗಡಣೆ ಮೊದಲ ಹೆಜ್ಜೆಯಲ್ಲೇ ಕೈಕೊಡುತ್ತದೆ. ಮಾನವಕುಲದ ಮೊದಲ ಯುಗಗಳನ್ನು ಅವರು ‘ಭೋಗಭೂಮಿ’ ಎಂದು ಕರೆದರು. ಅನಂತರ ಬಂದದ್ದನ್ನು ‘ಕರ್ಮಭೂಮಿ’ ಎಂದರು. ಯುಗಕ್ಕೆ ಭೂಮಿಯೆಂಬ ಹೆಸರು! ಇದು ಬರಿಯ ಮಾತಿನ ಬೆಡಗಲ್ಲ. ಆ ಪುರಾಣಗಳಲ್ಲಿ ಕಾಲವು ನೆಲದ ರೂಪವನ್ನು ತಳೆದೇ ನಮ್ಮೆದುರು ನಿಲ್ಲುತ್ತದೆ.

ಪಂಪನು ಆದಿಪುರಾಣವನ್ನು ಬರೆದದ್ದು ಕ್ರಿ.ಶ. 941ರಲ್ಲಿ. ಅವನ ಮುಂದಿದ್ದ ಆಕರ, ಒಂಬತ್ತನೆಯ ಶತಮಾನದಲ್ಲಿ ಜಿನಸೇನಾಚಾರ್ಯರು ಸಂಸ್ಕೃತದಲ್ಲಿ ರಚಿಸಿದ ಪುರಾಣ. ಈ ಸಂಪ್ರದಾಯದಲ್ಲಿ ಕಾಲಚಕ್ರಕ್ಕೆ ಎರಡು ಭಾಗ: ಇಳಿಯುತ್ತ ಹೋಗುವ ಅವಸರ್ಪಿಣಿ, ಏರುತ್ತ ಬರುವ ಉತ್ಸರ್ಪಿಣಿ. ಹೆಸರಿನಲ್ಲೇ ಇಳಿಜಾರೂ ಏರೂ ಇವೆ. ಅಳತೆಯ ಮಾತೂ ಹಾಗೆಯೇ. ಒಂದು ಯೋಜನ ಅಗಲ, ಒಂದು ಯೋಜನ ಆಳದ ಗುಂಡಿಯೊಂದನ್ನು ತೋಡಬೇಕು. ಹುಟ್ಟಿ ಏಳು ದಿನ ದಾಟದ ಕುರಿಮರಿಯ ಕೂದಲನ್ನು ಇನ್ನು ಕತ್ತರಿಸಲಾಗದಷ್ಟು ಸಣ್ಣಗೆ ಕತ್ತರಿಸಿ ಅದರಲ್ಲಿ ಒತ್ತಿ ತುಂಬಬೇಕು. ನೂರು ವರ್ಷಕ್ಕೊಂದು ತುಣುಕಿನಂತೆ ತೆಗೆಯುತ್ತ ಗುಂಡಿ ಬರಿದಾಗುವ ಹೊತ್ತಿಗೆ ಒಂದು ವ್ಯವಹಾರ ಪಲ್ಯ. ಅದನ್ನೂ ಮೀರಿದ ಪಲ್ಯಗಳುಂಟು. ಅಂಥವು ಹತ್ತು ಕೋಟಿಕೋಟಿ ಸೇರಿದರೆ ಒಂದು ಸಾಗರ. ಪಲ್ಯವೆಂದರೆ ಧಾನ್ಯ ತುಂಬುವ ಕಣಜ, ಸಾಗರವೆಂದರೆ ಕಡಲೇ. ಎಣಿಕೆಗೆ ಸಿಗದ ಕಾಲವನ್ನು ಕಣ್ಣಿಗೆ ಕಾಣುವ ಗುಂಡಿಯಿಂದಲೂ ಕಡಲಿನಿಂದಲೂ ಅಳೆದರು.

ಅವಸರ್ಪಿಣಿಯ ಆರು ಕಾಲಗಳಲ್ಲಿ ಮೊದಲ ಮೂರು ಭೋಗಭೂಮಿಯ ಕಾಲ. ಸುಷಮಸುಷಮಕ್ಕೆ ನಾಲ್ಕು ಕೋಟಿಕೋಟಿ ಸಾಗರ, ಸುಷಮಕ್ಕೆ ಮೂರು, ಸುಷಮದುಷ್ಷಮಕ್ಕೆ ಎರಡು. ಇಲ್ಲಿಯ ಸೋಜಿಗವೆಂದರೆ, ಕಾಲ ಹೀಗೆ ಉರುಳುವುದು ಜಂಬೂದ್ವೀಪದ ದಕ್ಷಿಣ ತುದಿಯ ಭರತಕ್ಷೇತ್ರದಲ್ಲಿ ಮತ್ತು ಉತ್ತರ ತುದಿಯ ಐರಾವತದಲ್ಲಿ ಮಾತ್ರ. ಮಿಕ್ಕೆಡೆ ಅದು ನಿಂತಿದೆ. ಮೇರುವಿನ ಮಗ್ಗುಲಲ್ಲಿರುವ ದೇವಕುರು, ಉತ್ತರಕುರುಗಳಲ್ಲಿ ಯಾವಾಗಲೂ ಮೊದಲನೆಯ ಕಾಲದ ಸ್ಥಿತಿ. ಹರಿ ಮತ್ತು ರಮ್ಯಕಗಳಲ್ಲಿ ಎರಡನೆಯದು. ಹೈಮವತ ಮತ್ತು ಹೈರಣ್ಯವತಗಳಲ್ಲಿ ಮೂರನೆಯದು. ಹೀಗಾಗಿ ಭರತಕ್ಷೇತ್ರದಿಂದ ಮೇರುವಿನ ಕಡೆಗೆ ಮನಸ್ಸಿನಲ್ಲೇ ಪಯಣ ಹೊರಟವನು ಹೈಮವತ, ಹರಿ, ದೇವಕುರು ಎಂದು ಒಂದೊಂದು ನಾಡನ್ನು ದಾಟಿದಂತೆ, ಒಂದೊಂದು ಯುಗದಷ್ಟು ಹಿಂದಕ್ಕೆ ನಡೆದಿರುತ್ತಾನೆ. ನಮಗೆ ಗತಿಸಿದ ಕಾಲ ಅಲ್ಲಿ ಜನ ಬಾಳುವ ನೆಲ.

ಆ ನೆಲದ ಬಾಳು ಎಂಥದು? ಹತ್ತು ಬಗೆಯ ಕಲ್ಪವೃಕ್ಷಗಳಿವೆ: ಊಟ ಕೊಡುವುದೊಂದು, ಪಾತ್ರೆ ಕೊಡುವುದೊಂದು, ಬಟ್ಟೆ, ಒಡವೆ, ಮನೆ, ಬೆಳಕು ಕೊಡುವವು ಬೇರೆ ಬೇರೆ. ಉಳುಮೆಯಿಲ್ಲ, ಅಡುಗೆಯಿಲ್ಲ, ಅರಸನಿಲ್ಲ. ಗಂಡು ಹೆಣ್ಣು ಅವಳಿಯಾಗಿ ಹುಟ್ಟುತ್ತಾರೆ; ಅವರು ಹುಟ್ಟಿದೊಡನೆ ತಂದೆ ಒಂದು ಸೀನಿನಲ್ಲಿ, ತಾಯಿ ಒಂದು ಆಕಳಿಕೆಯಲ್ಲಿ ನೋವಿಲ್ಲದೆ ಜೀವ ಬಿಡುತ್ತಾರೆ. ಮಗುವಿನ ಮುಖ ಕಂಡವರಿಲ್ಲ, ಸತ್ತವರಿಗೆ ಅತ್ತವರಿಲ್ಲ. ಪಂಪನ ಕಾವ್ಯದಲ್ಲಿ ಶ್ರೀಮತಿ ವಜ್ರಜಂಘರು ಶಯ್ಯಾಗೃಹದ ಧೂಪದ ಹೊಗೆಗೆ ಸಿಕ್ಕಿ ಒಟ್ಟಿಗೆ ಮಡಿದು, ದಾನದ ಪುಣ್ಯದಿಂದ ಉತ್ತರಕುರುವಿನಲ್ಲಿ ಜೊತೆಯಾಗಿ ಹುಟ್ಟುವುದನ್ನು ಓದುಗರು ಬಲ್ಲರು. ಅಗಲಲಾರದ ಪ್ರಣಯಿಗಳಿಗೆ ಕವಿ ಕೊಟ್ಟ ಸ್ಥಳ ಅದು. ಆದರೆ ಅವರೂ ಅಲ್ಲಿ ನಿಲ್ಲುವುದಿಲ್ಲ. ಭೋಗಭೂಮಿಯಿಂದ ಸ್ವರ್ಗಕ್ಕೆ ದಾರಿಯುಂಟು, ಮೋಕ್ಷಕ್ಕಿಲ್ಲ. ಬಿಡುಗಡೆ ಬೇಕಾದವನು ದುಡಿಮೆಯ ನೆಲಕ್ಕೆ ಬರಲೇಬೇಕು.

ಭರತಕ್ಷೇತ್ರದಲ್ಲಿ ಆ ನೆಲ ಹೇಗೆ ಕಳೆಯಿತೆಂಬುದೇ ಜಿನಸೇನರು ಹೇಳುವ ಚರಿತ್ರೆ. ಬೆಳಕು ಕೊಡುವ ಮರಗಳು ಮಂಕಾದವು. ಅಲ್ಲಿಯವರೆಗೆ ಅವುಗಳ ಪ್ರಭೆಯಲ್ಲಿ ಕಾಣದಿದ್ದ ಸೂರ್ಯಚಂದ್ರರು ಆಷಾಢದ ಹುಣ್ಣಿಮೆಯ ಸಂಜೆ ಆಗಸದಲ್ಲಿ ಕಂಡರು. ಜನ ಗಾಬರಿಯಾದರು. ಪ್ರತಿಶ್ರುತಿಯೆಂಬ ಮೊದಲ ಮನು ಅವರಿಗೆ ಧೈರ್ಯ ಹೇಳಿದ. ಮುಂದೆ ಮೃಗಗಳು ಕ್ರೂರವಾದವು. ಆಮೇಲೆ ಮರಗಳೇ ವಿರಳವಾಗಿ ಜನ ಕಿತ್ತಾಡತೊಡಗಿದಾಗ ಸೀಮಂಕರನು ಇಂತಿಂಥ ಮರ ಇಂತಿಂಥವರದೆಂದು ಬಾಯಿಮಾತಿನಲ್ಲಿ ಎಲ್ಲೆ ಹೇಳಿದ. ಮಾತು ಸಾಲದಾಯಿತು, ಸೀಮಂಧರನು ಗಿಡಗಂಟಿಗಳ ಗುರುತು ಹಾಕಿಸಿದ. ದಂಡನೆಯೂ ಹೀಗೆಯೇ ಬೆಳೆಯಿತು. ಮೊದಲ ಐವರು ಮನುಗಳ ಕಾಲದಲ್ಲಿ ತಪ್ಪಿತಸ್ಥನಿಗೆ ‘ಹಾ’ ಎಂದರೆ ಸಾಕಿತ್ತು. ಅನಂತರದ ಐವರಿಗೆ ‘ಮಾ’, ಬೇಡ ಎಂದೂ ಸೇರಿಸಬೇಕಾಯಿತು. ಉಳಿದವರಿಗೆ ‘ಧಿಕ್’ ಬೇಕಾಯಿತು. ಭರತ ಚಕ್ರವರ್ತಿಯ ಕಾಲಕ್ಕೆ ಸೆರೆ, ವಧೆಗಳು ಬಂದವು. ಅಷ್ಟರಲ್ಲಿ ಮರಗಳು ಪೂರ್ತಿ ಮರೆಯಾಗಿ, ಹಸಿದ ಜನಕ್ಕೆ ಆದಿದೇವನು ಅಸಿ, ಮಸಿ, ಕೃಷಿ, ವಿದ್ಯೆ, ವಾಣಿಜ್ಯ, ಶಿಲ್ಪ ಎಂಬ ಆರು ಕಸುಬುಗಳನ್ನು ಕಲಿಸಿದ್ದನು.

ಇಂಥ ಕಥೆಗಳನ್ನು ಮೆಕಾಲೆ 1835ರ ತನ್ನ ಟಿಪ್ಪಣಿಯಲ್ಲಿ ಹಂಗಿಸಿದ್ದುಂಟು. ಭಾರತೀಯರ ಚರಿತ್ರೆಯ ದೈತ್ಯಗಾತ್ರದ ಅರಸರನ್ನೂ ಭೂಗೋಳದ ಸವಿಗಡಲುಗಳನ್ನೂ ಅವನು ಒಂದೇ ಉಸಿರಿನಲ್ಲಿ ನಕ್ಕು ತಳ್ಳಿದ. ಪಾಠ ಹೇಳುವಾಗ ಭೋಗಭೂಮಿಯವರ ಆರು ಸಾವಿರ ಬಿಲ್ಲಿನ ಎತ್ತರದ ಪ್ರಸ್ತಾಪ ಬಂದರೆ ನನ್ನ ವಿದ್ಯಾರ್ಥಿಗಳೂ ನಗುತ್ತಾರೆ; ನಗಲಿ. ಭೂಮಿಯ ವಯಸ್ಸನ್ನು ತಿಳಿಯಲು ಪುರಾಣ ಬೇಕಿಲ್ಲ. ಬೆಂಗಳೂರಿನ ಲಾಲ್‌ಬಾಗಿನ ಬಂಡೆಯ ಮೇಲೆ ಕುಳಿತವರು ಸುಮಾರು 300 ಕೋಟಿ ವರ್ಷಗಳ ಮೇಲೆ ಕುಳಿತಿರುತ್ತಾರೆಂದು ಭೂವಿಜ್ಞಾನ ಹೇಳುತ್ತದೆ. ಅದನ್ನು ಜೈನರು ಮೊದಲೇ ಕಂಡಿದ್ದರೆಂದು ಬೀಗುವುದೂ ಸಲ್ಲದು. ಆದರೆ ಪುರಾಣ ಕೇಳಿದ ಪ್ರಶ್ನೆ ಬೇರೆ: ಕೊರತೆ ಬಂದಾಗ ಮನುಷ್ಯ ಏನು ಮಾಡಿದ? ಅದರ ಉತ್ತರದ ಸರಣಿಯನ್ನು ನೋಡಿ. ಎಲ್ಲೆ ಮೊದಲು ಬಂತು, ಕೃಷಿ ಆಮೇಲೆ ಬಂತು. ಬೆಳೆಯಲು ಕಲಿಯುವ ಮುನ್ನ ಮನುಷ್ಯ ಬೇಲಿ ಹಾಕಲು ಕಲಿತ. ಈ ಮಾತನ್ನು ನಗೆಯಾಡಿ ತಳ್ಳುವುದು ನನಗೆ ಸುಲಭವಾಗಿ ಕಾಣುವುದಿಲ್ಲ.

ಇನ್ನೊಂದು ಮಾತು. ಕಳೆದ ಸುವರ್ಣಯುಗಕ್ಕಾಗಿ ಹಲುಬುವ ಚಟ ಎಲ್ಲ ಕಾಲಕ್ಕೂ ಇದ್ದದ್ದೇ. ಆ ಯುಗ ಎಲ್ಲಿಯೂ ಹೋಗಿಲ್ಲ, ಮೇರುವಿನ ಪಕ್ಕದಲ್ಲಿದೆ ಎಂದು ಒಪ್ಪಿಯೂ, ಅಲ್ಲಿಗಿಂತ ಕರ್ಮಭೂಮಿಯೇ ಮೇಲೆಂದ ಧೈರ್ಯ ಈ ಕವಿಗಳದು. ಬಿಡುಗಡೆಯ ದಾರಿ ಹಾದುಹೋಗುವುದು ಹಸಿವು, ಕಸುಬು, ಸಾವು ಇರುವ ಈ ನೆಲದ ಮೇಲೆಯೇ.

ಕಾಲ ನೆಲವಾಗುವ ಚಿತ್ರವನ್ನು ಪಂಪನು ವೃಷಭಾಚಲದ ಪ್ರಸಂಗದಲ್ಲಿ ಕೊನೆಮುಟ್ಟಿಸುತ್ತಾನೆ. ದಿಗ್ವಿಜಯ ಮುಗಿಸಿದ ಭರತನು ತನ್ನ ಕೀರ್ತಿಯನ್ನು ಕೆತ್ತಿಸಲು ಆ ಬೆಟ್ಟಕ್ಕೆ ಬರುತ್ತಾನೆ. ಈ ಅವಸರ್ಪಿಣಿಗೆ ಅವನೇ ಮೊದಲ ಚಕ್ರವರ್ತಿ, ಬಂಡೆ ಖಾಲಿಯಿರಬೇಕಿತ್ತು. ನೋಡಿದರೆ ಹೆಸರಿಡಲು ಎಡೆಯಿಲ್ಲದಷ್ಟು ಹೆಸರುಗಳು! ಹಿಂದಿನ ಕಾಲಚಕ್ರಗಳಲ್ಲಿ ಆಳಿಹೋದ ಚಕ್ರವರ್ತಿಗಳೆಲ್ಲ ಅಲ್ಲಿದ್ದಾರೆ. ಕಾಲ ಮರೆಸಿದ್ದನ್ನು ಕಲ್ಲು ಉಳಿಸಿಕೊಂಡಿತ್ತು. ಭರತನ ಗರ್ವ ಸೋರಿಹೋಯಿತು. ಆದರೂ ಅವನು ಹಾಗೆಯೇ ಹಿಂದಿರುಗಲಿಲ್ಲ. ಯಾರದೋ ಒಂದು ಹೆಸರನ್ನು ಅಳಿಸಿ ತನ್ನದನ್ನು ಬರೆಸಿದ. ಅಳಿಸಿಹೋದವನು ಯಾರೆಂದು ಕಾವ್ಯ ಹೇಳುವುದಿಲ್ಲ.